ಕೊನೆಯ ಹನ್ನೊಂದು ನಿಮಿಷ

ನಮ್ಮ ಮೇಷ್ಟ್ರು ಸಿನಿಮಾ ಥಿಯೇಟರಿನಲ್ಲಿ ಪರದೆಗೆ ಬೆನ್ನು ತಿರುಗಿಸಿ ನಿಲ್ಲುತ್ತಿದ್ದರು. ಮುಂದಿನ ಸಾಲಿನ ಪಕ್ಕದ ಗೋಡೆಗೆ ಒರಗಿಕೊಂಡು, ಕೈಯಲ್ಲೊಂದು ಉದ್ದನೆಯ ನೋಟ್‌ಬುಕ್ ಹಿಡಿದು, ಎರಡೂವರೆ ಗಂಟೆ ಜನರ ಮುಖ ನೋಡುತ್ತಿದ್ದರು. ಯಾರು ಎಲ್ಲಿ ನಕ್ಕರು, ಯಾರು ಯಾವ ಹಾಡಿಗೆ ಎದ್ದು ಹೊರಗೆ ಹೋದರು, ಯಾವ ಸಾವಿಗೆ ಯಾರು ಆಕಳಿಸಿದರು ಎಂಬುದೆಲ್ಲ ಆ ಪುಸ್ತಕದಲ್ಲಿ ದಾಖಲಾಗುತ್ತಿತ್ತು. ಕೊಯಮತ್ತೂರಿನ ಸಿಂಗಾನಲ್ಲೂರಿನ ಒಂದು ಥಿಯೇಟರಿನಲ್ಲಿ ಹೆಂಗಸರ ಸಾಲಿನಿಂದ ದೂರು ಹೋಗಿ ಮ್ಯಾನೇಜರು ಟಾರ್ಚ್ ಬಿಟ್ಟು ವಿಚಾರಿಸಿದಾಗ, "ನಾನು ರಾಷ್ಟ್ರವನ್ನು ನೋಡುತ್ತಿದ್ದೇನೆ" ಎಂದರಂತೆ. ಮ್ಯಾನೇಜರು ರಾಷ್ಟ್ರವನ್ನು ಹೊರಗೆ ನಿಂತು ನೋಡಲು ಹೇಳಿ ಬಾಗಿಲು ಹಾಕಿಸಿದ.

ನಾನು ಚಿತ್ರದುರ್ಗದ ಕಡೆಯವಳು. ಎರಡು ಸಾವಿರದ ನಾಲ್ಕರಲ್ಲಿ ಸೂಲೂರಿನ ಹತ್ತಿರದ ಒಂದು ಎಂಜಿನಿಯರಿಂಗ್ ಕಾಲೇಜಿಗೆ ಗಣಿತ ಕಲಿಸಲು ಬಂದವಳು, ಸಿಂಗಾನಲ್ಲೂರಿನಲ್ಲಿ ಅವರ ಮನೆಯ ಮಹಡಿಗೆ ಬಾಡಿಗೆಗೆ ಸೇರಿದೆ. ಮೇಷ್ಟ್ರು ಬೇರೊಂದು ಕಾಲೇಜಿನಲ್ಲಿ ಇಂಗ್ಲಿಷ್ ಅಧ್ಯಾಪಕರು. ಅವರ ಮುತ್ತಾತನ ಕಾಲಕ್ಕೇ ಕನ್ನಡ ನಾಡು ಬಿಟ್ಟು ಕೊಯಮತ್ತೂರಿನ ಸೀಮೆಯಲ್ಲಿ ಬೇಸಾಯಕ್ಕೆ ನಿಂತ ಕುಟುಂಬ. ಮನೆಯೊಳಗೆ ಕನ್ನಡ, ಹೊಸ್ತಿಲು ದಾಟಿದರೆ ತಮಿಳು. ಕನ್ನಡ ಓದಲು ಗಂಡನಿಗೂ ಬಾರದು, ಹೆಂಡತಿಗೂ ಬಾರದು. ಮೇಷ್ಟ್ರ ಹೆಂಡತಿಯನ್ನು ನಾನು ಅಮ್ಮ ಎನ್ನುತ್ತಿದ್ದೆ. ನಾನು ಊರಿನಿಂದ ತಂದ ಪತ್ರಿಕೆಯನ್ನು ಅಮ್ಮ ತಿರುಗಿಸಿ ತಿರುಗಿಸಿ ನೋಡಿ, "ನಮ್ಮ ಮಾತು ಬರೆದ್ರೆ ಹಿಂಗೆ ಗುಂಡುಗುಂಡಾಗಿ ಇರ್ತದಾ ಕಣ್ಣು" ಎಂದು ಕೇಳಿದ್ದು ನೆನಪಿದೆ. ಅವರು ನನ್ನನ್ನು ಕರೆಯುತ್ತಿದ್ದುದೇ ಕಣ್ಣು ಎಂದು. ಗಂಡನನ್ನು ಕರೆಯುತ್ತಿದ್ದುದು "ಏನುಂಗ" ಎಂದು. ಆ ಸೀಮೆಯ ತಮಿಳಿನ ಮರ್ಯಾದೆ ಅವರ ಕನ್ನಡದ ಬಾಲಕ್ಕೂ ಅಂಟಿಕೊಂಡಿತ್ತು.

ಮೇಷ್ಟ್ರ ಉಡುಪಿನ ಬಗ್ಗೆ ಒಂದು ಮಾತು ಹೇಳಲೇಬೇಕು. ತಿರುಪ್ಪೂರಿನಲ್ಲಿ ವಿದೇಶಕ್ಕೆಂದು ಹೊಲಿದು, ಏನೋ ಐಬಾಗಿ ಉಳಿದುಬಿಟ್ಟ ಬನಿಯನ್ನುಗಳನ್ನು ರಾಶಿ ಹಾಕಿ ಮಾರುತ್ತಾರಲ್ಲ, ಅವರು ಕೊಳ್ಳುತ್ತಿದ್ದುದು ಅವನ್ನೇ. ಒಂದಕ್ಕೆ ಎಡತೋಳು ಗಿಡ್ಡ, ಇನ್ನೊಂದಕ್ಕೆ ಕತ್ತು ಓರೆ. ತೆಳ್ಳನೆಯ ಬಿಳಿ ಷರ್ಟಿನೊಳಗಿಂದ ಯಾವುದೋ ದೇಶದ ಬಿಯರ್ ಹಬ್ಬದ ಚಿತ್ರ ನಿಚ್ಚಳವಾಗಿ ಕಾಣುತ್ತಿರುವಾಗ ಅವರು ಗಂಭೀರವಾಗಿ ದುರಂತ ನಾಟಕ ಪಾಠ ಮಾಡುತ್ತಿದ್ದರು. ಒಮ್ಮೆ ಹೇಳಿದ್ದನ್ನು ಮತ್ತೆ ಹೇಳುತ್ತಿರಲಿಲ್ಲ. ಹುಡುಗರು "ಇನ್ನೊಂದ್ಸಲ ಸಾರ್" ಎಂದರೆ, "ಅದು ಆಗಲೇ ಪ್ರಕಟವಾಗಿದೆ" ಎನ್ನುತ್ತಿದ್ದರು. ಮನೆಯಲ್ಲೂ ಅದೇ. ಉಪ್ಪು ಬೇಕು ಎಂದು ಒಂದೇ ಸಲ. ಅಮ್ಮನಿಗೆ ಕೇಳಿಸಲಿಲ್ಲವೆಂದರೆ ಸಪ್ಪೆ ಸಾರೇ ಗತಿ.

ಅವರ ಡಾಕ್ಟರೇಟ್ ಪ್ರಬಂಧ ನಾನು ಹೋಗುವ ಹೊತ್ತಿಗೇ ಬಹಳ ವರ್ಷದಿಂದ ನಡೆಯುತ್ತಿತ್ತು. ಒಂದು ಕಥೆ ಸಿನಿಮಾ ಆಗಿ, ಸಿನಿಮಾ ಡಿಸ್ಕ್ ಆಗಿ, ಡಿಸ್ಕ್ ಊರೂರು ತಿರುಗುವಾಗ ರಾಷ್ಟ್ರೀಯ ಸಿನಿಮಾ ಎಂಬುದು ಏನಾಗುತ್ತದೆ ಎಂಬುದು ವಿಷಯ. ಮೊದಲು ಬರೀ ಥಿಯೇಟರಿನ ಬಗ್ಗೆ ಇತ್ತಂತೆ. ಬರೆದು ಮುಗಿಸುವಷ್ಟರಲ್ಲಿ ಕಾಲವೇ ಬದಲಾಗಿ, ಡಿಸ್ಕ್ ಬಂದು, ಮತ್ತೆ ಮೊದಲಿನಿಂದ. ಮನೆ ತುಂಬ ಡಿಸ್ಕುಗಳು. ಗೀರು ಬಿದ್ದವನ್ನು ಅಮ್ಮ ದಾರ ಕಟ್ಟಿ ನುಗ್ಗೆಮರಕ್ಕೆ ನೇತುಹಾಕುತ್ತಿದ್ದರು, ಹಕ್ಕಿ ಬರದಿರಲಿ ಎಂದು. ಹಕ್ಕಿಗಳು ಬಂದು ಅವುಗಳಲ್ಲಿ ಮುಖ ನೋಡಿಕೊಂಡು ಹೂವು ತಿಂದು ಹೋಗುತ್ತಿದ್ದವು.

ಪ್ರಬಂಧದ ಕಿರೀಟ ಐದನೇ ಅಧ್ಯಾಯ. ಅದು ಸರ್ಕಾರದ ನೆರವಿನಲ್ಲಿ ತಯಾರಾದ ಒಂದು ಹಳೆಯ ಕಪ್ಪುಬಿಳುಪು ಕನ್ನಡ ಸಿನಿಮಾದ ಬಗ್ಗೆ. ಅತ್ತೆಯ ಕಾಟ ತಾಳಲಾರದ ಸೊಸೆಯೊಬ್ಬಳು ಮನೆ ಬಿಡಲು ನಿರ್ಧರಿಸುತ್ತಾಳೆ. ಕೊನೆಗೆ ತುಂಬಿದ ಕೊಡವನ್ನು ಹೊಸ್ತಿಲ ಮೇಲಿಟ್ಟು ರಸ್ತೆಯ ಕಡೆ ನೋಡುತ್ತಾಳೆ. ದೂರದಲ್ಲಿ ಬಸ್ಸಿನ ಹಾರ್ನು. ಪರದೆ ಕಪ್ಪಾಗುತ್ತದೆ. ಅಷ್ಟೆ. ಅವಳು ಹೋದಳೋ ಉಳಿದಳೋ ಗೊತ್ತಿಲ್ಲ. ಈ ಕಪ್ಪು ಪರದೆಯ ಮೇಲೆ ಮೇಷ್ಟ್ರು ನಲವತ್ತೆರಡು ಪುಟ ಬರೆದಿದ್ದರು. ರಾಷ್ಟ್ರವು ಹೆಣ್ಣಿನ ಪ್ರಶ್ನೆಗೆ ಉತ್ತರ ಕೊಡಲಾಗದೆ ಕಣ್ಣು ಮುಚ್ಚಿಕೊಂಡ ಕ್ಷಣ ಅದು ಎಂದು ಅವರ ವಾದ. ಆ ಪುಟಗಳ ಇಂಗ್ಲಿಷ್ ಕರಡು ತಿದ್ದಿದವಳು ನಾನು. ಓದುವಾಗ ನನಗೂ ಮೈ ಜುಮ್ಮೆಂದಿತ್ತು, ಸುಳ್ಳೇಕೆ ಹೇಳಲಿ.

ಆ ಸಿನಿಮಾವನ್ನು ಮೊದಲ ಸಲ ಮನೆಯಲ್ಲಿ ಹಾಕಿದ ದಿನ ಅಮ್ಮನೂ ಕೂತು ನೋಡಿದ್ದರಂತೆ. ಪರದೆ ಕಪ್ಪಾದ ಕೂಡಲೇ ಅವರು ಹೇಳಿದ್ದು ಒಂದೇ ಮಾತು.

"ಏನುಂಗ, ಈ ಪಡ ಮುಗಿದಂಗಿಲ್ವೇ."

"ಮುಗೀತು. ನಿನಗೆ ಸಿನಿಮಾ ಗೊತ್ತಾಗಲ್ಲ" ಎಂದಿದ್ದರು ಮೇಷ್ಟ್ರು. ಅಷ್ಟಕ್ಕೇ ಬಿಟ್ಟಿದ್ದರೆ ಆಗುತ್ತಿತ್ತು. ಅದನ್ನೊಂದು ಅಡಿಟಿಪ್ಪಣಿಯನ್ನಾಗಿಯೂ ಮಾಡಿಬಿಟ್ಟರು. ಸಾಮಾನ್ಯ ಪ್ರೇಕ್ಷಕಿಗೆ ಮುಕ್ತಾಯದ ಹಸಿವು ಇರುತ್ತದೆ, ಅದು ಅವಳಿಗೆ ತರಬೇತಿ ಇಲ್ಲದ್ದರಿಂದ ಬಂದದ್ದು, ಎಂದು. ಒಂದು ಮಧ್ಯಾಹ್ನ ಅವರೆಕಾಯಿ ಸುಲಿಯುತ್ತ ಕೂತಾಗ ನಾನು ಬಾಯಿ ತಡೆಯಲಾರದೆ ಅದನ್ನು ಕನ್ನಡದಲ್ಲಿ ಹೇಳಿಬಿಟ್ಟೆ. ಅಮ್ಮ ಸುಲಿಯುವುದನ್ನು ನಿಲ್ಲಿಸಲಿಲ್ಲ.

"ಟ್ರೈನಿಂಗ್ ಕೊಡ್ತೀನಿ ಬಾ ಅಂದಿದ್ರೆ ನಾನೇನು ಬೇಡ ಅಂತಿದ್ನಾ ಕಣ್ಣು" ಎಂದರು. "ಮುಗೀದೇ ಇರೋದನ್ನ ಮುಗೀಲಿಲ್ಲ ಅನ್ನಾಕೆ ಓದಬೇಕಾ. ಅನ್ನ ಬೆಂದಿಲ್ಲ ಅಂತ ಬಾಯಿಗೆ ತಿಳೀತದೆ."

ಪ್ರಬಂಧ ಸಲ್ಲಿಕೆಯಾಯಿತು. ಮೌಖಿಕ ಪರೀಕ್ಷೆಗೆ ದಿನ ಗೊತ್ತಾಯಿತು. ಮೇ ತಿಂಗಳಲ್ಲಿ ಮೇಷ್ಟ್ರ ನಿವೃತ್ತಿ. ಅದರೊಳಗೆ ಡಾಕ್ಟರ್ ಆಗಬೇಕೆಂಬುದು ಅವರ ಒಂದೇ ಆಸೆ. ಬೀಳ್ಕೊಡುಗೆಯ ಬ್ಯಾನರಿನಲ್ಲಿ ಹೆಸರಿನ ಹಿಂದೆ ಅದಕ್ಕಾಗಿ ಜಾಗ ಬಿಡಿಸಿಯೂ ಆಗಿತ್ತು. ಆ ಹೊತ್ತಿಗೆ ಸರಿಯಾಗಿ ನಾನು ರಜೆಗೆ ಊರಿಗೆ ಹೋದವಳು, ಚಿಕ್ಕಪ್ಪನ ಅಟ್ಟದ ಮೇಲೆ ಆ ಸಿನಿಮಾದ ಮೂಲ ಕಥೆ ಇದ್ದ ಹಳೆಯ ಸಂಕಲನವನ್ನು ಕಂಡೆ. ಮೇಷ್ಟ್ರಿಗೆ ಓದಿ ಹೇಳಿದರೆ ಖುಷಿಪಟ್ಟಾರು ಎಂದು ತಂದೆ. ಪುಣ್ಯ ಮಾಡಲು ಹೋಗಿ ಪಾಪ ಕಟ್ಟಿಕೊಂಡೆ.

ಸಂಜೆ ಜಗಲಿಯಲ್ಲಿ ಓದಲು ಶುರು ಮಾಡಿದೆ. ಮೇಷ್ಟ್ರು ಕಣ್ಣು ಮುಚ್ಚಿ ತಲೆದೂಗುತ್ತಿದ್ದರು. ಕೊಡ ಬಂತು, ಹೊಸ್ತಿಲು ಬಂತು, ಹಾರ್ನು ಬಂತು. ಪುಟ ತಿರುಗಿಸಿದೆ. ಇನ್ನೂ ನಾಲ್ಕು ಪುಟ ಉಳಿದಿತ್ತು. ಸೊಸೆ ಬಸ್ಸು ಹತ್ತುತ್ತಾಳೆ. ಕೆರೆ ಏರಿಯ ಮೇಲೆ ಬಸ್ಸಿನ ಚಕ್ರ ಪಂಕ್ಚರ್ ಆಗುತ್ತದೆ. ಅತ್ತೆ ಓಡಿ ಬರುತ್ತಾಳೆ, ಇಬ್ಬರೂ ಅಳುತ್ತಾರೆ, ಮನೆಗೆ ವಾಪಸ್ಸಾಗಿ ಹೋಳಿಗೆ ಮಾಡುತ್ತಾರೆ. ಮಾವ ಒಂದು ದೇವರನಾಮವನ್ನೂ ಹಾಡುತ್ತಾನೆ.

ಮೇಷ್ಟ್ರು ಕಣ್ಣು ತೆರೆದರು. "ಹೋಳಿಗೆ?" ಎಂದರು.

"ಹೋಳಿಗೆ" ಎಂದೆ.

"ಡೈರೆಕ್ಟರು ಅದನ್ನೆಲ್ಲ ಬಿಟ್ಟಿರಬೇಕು. ಅದೇ ಅವರ ದೊಡ್ಡತನ" ಎಂದರು. ಆದರೆ ಅವರ ದನಿ ಎಲ್ಲೋ ಪಂಕ್ಚರ್ ಆಗಿತ್ತು. ಮಾರನೆಯ ದಿನ ಬೆಳಿಗ್ಗೆಯೇ ಅವಿನಾಶಿಗೆ ಹೊರಟರು. ಆ ಡಿಸ್ಕ್ ಕೊಟ್ಟ ರಂಗಣ್ಣನ ಅಂಗಡಿ ಇದ್ದುದು ಅಲ್ಲಿ. ಪುಸ್ತಕ ತಂದ ತಪ್ಪಿಗೆ ನಾನೂ ಜೊತೆಗೆ ಹೋದೆ. ಅಮ್ಮ ಸೀರೆ ಬದಲಾಯಿಸಿ ಮೊದಲೇ ಗೇಟಿನ ಹತ್ತಿರ ನಿಂತಿದ್ದರು.

"ನೀನ್ಯಾಕೆ?" ಎಂದರು ಮೇಷ್ಟ್ರು.

"ಹೋಳಿಗೆ ನೋಡಾಕೆ ಬರ್ತೀನುಂಗ."

ರಂಗಣ್ಣ ನೇಯುವ ಮನೆತನದ ಕನ್ನಡಿಗ. ಮಗ್ಗ ಮಾರಿ ಡಿಸ್ಕ್ ಅಂಗಡಿ ಇಟ್ಟಿದ್ದ. ಎಲ್ಲಿಂದಲೋ ಬಂದ ಟೇಪುಗಳನ್ನು ಕಂಪ್ಯೂಟರಿಗೆ ಹಾಕಿ, ಒಂದೊಂದು ಡಿಸ್ಕಿಗೆ ಮೂರು ಸಿನಿಮಾ ತುಂಬಿ ಮಾರುವುದು ಅವನ ಕಸುಬು. ಈ ಸಿನಿಮಾದ ಟೇಪು ಬೆಂಗಳೂರಿನ ಅವನ ಅಕ್ಕನ ಮನೆಯಲ್ಲಿ ಟಿವಿಯಿಂದ ಇಳಿಸಿಕೊಂಡದ್ದು. ವಿಷಯ ಹೇಳಿದಾಗ ಅವನು ಸ್ವಲ್ಪವೂ ಗಾಬರಿಯಾಗಲಿಲ್ಲ.

"ಕೊನೇಲಿ ಹನ್ನೊಂದು ನಿಮಿಷ ಹೆಚ್ಚಾಯ್ತುಂಗ. ಹಿಡೀಲಿಲ್ಲ. ಕತ್ತರಿಸ್ದೆ."

"ಮತ್ತೆ ಆ ಕಪ್ಪು ಪರದೆ?" ಮೇಷ್ಟ್ರು ಕೇಳಿದರು. ಅವರ ನಲವತ್ತೆರಡು ಪುಟಗಳೂ ಆ ಪ್ರಶ್ನೆಯಲ್ಲಿ ನಿಂತಿದ್ದವು.

"ಅದಾ. ಮಗ್ಗದಾಗೆ ಒಂದು ಸೀರೆ ಮುಗಿದು ಇನ್ನೊಂದು ಹಿಡಿಯೋ ಮುಂಚೆ ನಾಲ್ಕು ಬೆರಳು ನೇಯದೆ ಬಿಡ್ತೀವಲ್ಲುಂಗ, ಕತ್ತರಿ ಹಾಕಾಕೆ. ಹಂಗೇ ಎರಡು ಪಡದ ನಡುವೆ ಖಾಲಿ ಬಿಡೋದು ನನ್ನ ಪಳಕ್ಕ, ಹಳೇ ರೂಢಿ. ಕೈ ಬಿಡಲ್ಲ ಅದು."

ರಾಷ್ಟ್ರ ಕಣ್ಣು ಮುಚ್ಚಿಕೊಂಡ ಕ್ಷಣ ಎರಡು ಸೀರೆಗಳ ನಡುವಿನ ನಾಲ್ಕು ಬೆರಳು ಖಾಲಿ ಜಾಗವಾಗಿತ್ತು. ನನಗೆ ನಗು ಉಕ್ಕಿ ಬಂದು, ಕೆಮ್ಮಿದಂತೆ ಮಾಡಿ ಹೊರಗೆ ಹೋಗಿ ನಿಂತು ಬಂದೆ. ಒಳಗೆ ಬಂದಾಗ ರಂಗಣ್ಣ ಒಂದು ಡಿಸ್ಕ್ ಒರೆಸುತ್ತಿದ್ದ. ನೇಯುವ ಮನೆಯಲ್ಲಿ ತುಂಡು ನೂಲನ್ನೂ ಬಿಸಾಡುವುದಿಲ್ಲವಂತೆ. ಅದೇ ಶಾಸ್ತ್ರದಂತೆ ಅವನು ಕತ್ತರಿಸಿದ ತುದಿಗಳನ್ನೆಲ್ಲ ಒಂದಕ್ಕೊಂದು ಜೋಡಿಸಿ ಇಟ್ಟುಕೊಂಡಿದ್ದ. ಯಾರಾದರೂ ಗಿರಾಕಿ ಬಂದು ಕೊನೆಗೇನಾಯಿತು ಎಂದು ಜಗಳ ತೆಗೆದರೆ ಅಂಗಡಿಯಲ್ಲೇ ಹಾಕಿ ತೋರಿಸಿ ಕಳಿಸುವುದು. ನಾವು ಮೂವರೂ ಸ್ಟೂಲಿನ ಮೇಲೆ ಕೂತೆವು. ಪರದೆಯ ಮೇಲೆ ಬರೀ ಕೊನೆಗಳು. ಒಂದು ಮದುವೆ. ಒಬ್ಬ ಖಳನಾಯಕ ನೀರಿಗೆ ಬಿದ್ದ. ಮತ್ತೊಂದು ಮದುವೆ. ಪೊಲೀಸರು ತಡವಾಗಿ ಬಂದರು. ಅಣ್ಣತಮ್ಮಂದಿರು ತಬ್ಬಿಕೊಂಡರು, ಯಾಕೆಂದು ತಿಳಿಯಲಿಲ್ಲ, ಆದರೂ ಅಮ್ಮ ಕಣ್ಣೊರೆಸಿಕೊಂಡರು. ಆಮೇಲೆ ಬಸ್ಸು, ಪಂಕ್ಚರ್, ಅತ್ತೆ, ಹೋಳಿಗೆ. ಮಾವನ ದೇವರನಾಮವನ್ನು ಡೈರೆಕ್ಟರು ಒಂದು ಚರಣವೂ ಬಿಡದೆ ಪೂರ್ತಿ ಇಟ್ಟಿದ್ದರು.

ಮುಗಿದ ಮೇಲೆ ಅಮ್ಮ ಗಂಡನ ಮುಖ ನೋಡಿದರು. ಅವರು ಚಪ್ಪಲಿ ಮೆಟ್ಟಿಕೊಂಡರು. ವಾಪಸು ಬರುವ ಬಸ್ಸಿನಲ್ಲಿ ಅಮ್ಮ ನನ್ನ ಪಕ್ಕ ಕೂತು, "ಒಂದು ಮಾತು ಕಣ್ಣು" ಎಂದರು. "ನೀ ಹೇಳಿದ್ದು ಸರಿ ಅಂತ ಒಂದು ಮಾತು. ಬಾಯಿ ಏನು ಸವೀತದಾ."

ಐದನೇ ಅಧ್ಯಾಯ ಈಗ ಬಿಸಿ ತುಪ್ಪವಾಯಿತು, ನುಂಗುವಂತಿಲ್ಲ, ಉಗುಳುವಂತಿಲ್ಲ. ಸುಮ್ಮನಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ದೂರದ ವಿಶ್ವವಿದ್ಯಾಲಯದಿಂದ ಬರಲಿದ್ದ ಪರೀಕ್ಷಕರು ತಮ್ಮ ವರದಿಯಲ್ಲಿ ಆ ಅಧ್ಯಾಯವನ್ನೇ ಹಾಡಿ ಹೊಗಳಿದ್ದರು. ಮೇಷ್ಟ್ರು ಮೂರು ದಿನ ಊಟ ಸರಿಯಾಗಿ ಮಾಡಲಿಲ್ಲ. ನಾಲ್ಕನೆಯ ದಿನ ಬೆಳಿಗ್ಗೆ ಇಡ್ಲಿಯ ಮುಂದೆ ಕೂತು, "ಹೇಳಿಬಿಡ್ತೀನಿ" ಎಂದರು. ಡಾಕ್ಟರ್ ಪದವಿ ಹೋದರೆ ಎಂದು ನಾನು ಕೇಳಿದ್ದಕ್ಕೆ, "ಬ್ಯಾನರಿನಲ್ಲಿ ಆ ಜಾಗದಲ್ಲಿ ಒಂದು ಹೂವು ಬರೆಸೋಣ" ಎಂದರು. ನನಗೆ ಆ ಗಳಿಗೆಯಲ್ಲಿ ಅವರ ಮೇಲೆ ಬಂದ ಗೌರವ ಇವತ್ತಿಗೂ ಇಳಿದಿಲ್ಲ.

ಮೌಖಿಕ ಪರೀಕ್ಷೆಗೆ ಯಾರು ಬೇಕಾದರೂ ಹೋಗಿ ಕೂರಬಹುದಲ್ಲ, ರಂಗಣ್ಣನೂ ಹೊಸ ಪಂಚೆ ಉಟ್ಟು ಬಂದು ಮೊದಲ ಸಾಲಿನಲ್ಲಿ ಕೂತಿದ್ದ. ಮೇಷ್ಟ್ರು ಎದ್ದು ನಿಂತು ನಾಲ್ಕು ಅಧ್ಯಾಯ ಹೇಳಿದರು. ಐದನೆಯದಕ್ಕೆ ಬಂದು, "ಇದು ತಪ್ಪು. ಸಿನಿಮಾ ಅಲ್ಲಿಗೆ ಮುಗಿಯುವುದಿಲ್ಲ. ನಾನು ನೋಡಿದ್ದು ಕತ್ತರಿಸಿದ ಪ್ರತಿ" ಎಂದರು. ಪರೀಕ್ಷಕರು ನೀರು ಕೇಳಿದರು. ಕುಡಿದರು. ಇನ್ನೊಂದು ಲೋಟ ಕೇಳಿದರು. ಆಮೇಲೆ ತಿಳಿಯಿತು: ಆ ಮಹನೀಯರೂ ತಮ್ಮ ಪುಸ್ತಕದಲ್ಲಿ ಅದೇ ಕಪ್ಪು ಪರದೆಯ ಬಗ್ಗೆ ಒಂದು ಅಧ್ಯಾಯ ಬರೆದಿದ್ದರು. ಅವರ ಶಿಷ್ಯನೊಬ್ಬ ತಂದುಕೊಟ್ಟಿದ್ದ ಪ್ರತಿ ನಮ್ಮ ಅವಿನಾಶಿಯ ರಂಗಣ್ಣನದೇ. ಪುಸ್ತಕ ಎರಡನೇ ಮುದ್ರಣವನ್ನೂ ಕಂಡಿತ್ತು.

ಇಂಗು ತಿಂದ ಮಂಗನ ಮುಖ ಹೊತ್ತು ಪರೀಕ್ಷಕರು ಕೇಳಿದ ಒಂದೇ ಒಂದು ಪ್ರಶ್ನೆ ಮೇಷ್ಟ್ರಿಗಲ್ಲ, ರಂಗಣ್ಣನಿಗೆ. ಇನ್ನು ಯಾವ್ಯಾವ ಸಿನಿಮಾ ಕತ್ತರಿಸಿದ್ದೀರಿ ಎಂದು. ಮೇಷ್ಟ್ರೇ ತರ್ಜುಮೆಗೆ ನಿಂತರು. ರಂಗಣ್ಣ ಬೆರಳು ಮಡಚುತ್ತ, ಮಗಳ ಮದುವೆಗೆ ಬಂದವರ ಪಟ್ಟಿ ಒಪ್ಪಿಸುವಂತೆ ಹೆಮ್ಮೆಯಿಂದ ಹೇಳತೊಡಗಿದ. ಪರೀಕ್ಷಕರು ಬರೆದುಕೊಳ್ಳುತ್ತಿದ್ದರು. ಎರಡು ಹೆಸರಿಗೊಮ್ಮೆ ಅವರ ಪೆನ್ನು ನಿಲ್ಲುತ್ತಿತ್ತು, ಎಲ್ಲೋ ಒಂದು ಅಧ್ಯಾಯ ಉರುಳಿತೆಂದು ನಮಗೆ ತಿಳಿಯುತ್ತಿತ್ತು. ಕೊನೆಗೆ, ಐದನೇ ಅಧ್ಯಾಯವನ್ನು ಒಂದು ತಿಂಗಳಲ್ಲಿ ಹೊಸದಾಗಿ ಬರೆದು ಕೊಟ್ಟರೆ ಪದವಿ ಕೊಡಬಹುದೆಂದು ಬರೆದು ಸಹಿ ಹಾಕಿದರು. ಹೊರಡುವಾಗ ಕೊನೆಗಳ ಡಿಸ್ಕಿನದೊಂದು ಪ್ರತಿ ತೆಗೆದುಕೊಂಡು ಹೋದರು.

ಹೊಸ ಐದನೇ ಅಧ್ಯಾಯ ರಂಗಣ್ಣನ ನಾಲ್ಕು ಬೆರಳು ಜಾಗದ ಬಗ್ಗೆ. ಇಡೀ ಪ್ರಬಂಧದಲ್ಲಿ ಅದೇ ಚೆನ್ನಾಗಿದೆ. ಅಮ್ಮನ ಬಗೆಗಿನ ಅಡಿಟಿಪ್ಪಣಿಯನ್ನು ಮೇಷ್ಟ್ರು ಸದ್ದಿಲ್ಲದೆ ತೆಗೆದುಹಾಕಿದರು. ಆದರೆ ಊರಿನೆದುರು ತಪ್ಪೊಪ್ಪಿದ ಮನುಷ್ಯ ಮನೆಯಲ್ಲಿ ಮಾತ್ರ ಆ ಒಂದು ಮಾತು ಆಡಲಿಲ್ಲ. ಅಮ್ಮ ಕೇಳಲೂ ಇಲ್ಲ. ಸಾರಿಗೆ ಉಪ್ಪು ಹಾಕುವುದನ್ನು ಆಗಾಗ ಮರೆಯುತ್ತಿದ್ದರು, ಅಷ್ಟೆ.

ಬೀಳ್ಕೊಡುಗೆ ಸಿಂಗಾನಲ್ಲೂರಿನ ಒಂದು ಕಲ್ಯಾಣ ಮಂಟಪದಲ್ಲಿ ನಡೆಯಿತು. ಬ್ಯಾನರಿನಲ್ಲಿ ಡಾಕ್ಟರ್ ಕೂತಿತ್ತು. ಒಳಗಿನ ಬನಿಯನ್ನಿನ ಮೇಲೆ ಒಂದು ಹಿಮಕರಡಿಯೂ ಕೂತಿತ್ತು. ಎಂಟು ಜನ ಹೊಗಳಿ, ಮೇಷ್ಟ್ರು ಉತ್ತರಿಸಲು ಮೈಕಿನ ಹತ್ತಿರ ಬಂದಾಗ ಮಂಟಪದಲ್ಲಿ ಕುರ್ಚಿಗಳ ಸದ್ದು ಶುರುವಾಯಿತು. ಅವರ ಭಾಷಣದ ಉದ್ದ ಬಲ್ಲವರೆಲ್ಲ ಮೊದಲ ಪಂಕ್ತಿಗೆ ಜಾಗ ಹಿಡಿಯಲು ಎದ್ದರು. ನಾನೂ ಎದ್ದೆ, ನಾಚಿಕೆಯಿಲ್ಲದೆ ಹೇಳುತ್ತೇನೆ. ಎರಡನೇ ಸಾಲಿನಲ್ಲಿದ್ದ ಅಮ್ಮ, ಪಾಯಸ ತಳ ಹಿಡಿದೀತು ನೋಡಿ ಬರುತ್ತೇನೆ ಎಂದು ನನಗಿಂತ ಮೊದಲೇ ಹೋಗಿದ್ದರು. ವೀಡಿಯೋದವನೊಬ್ಬ ಉಳಿದ.

ಆ ವೀಡಿಯೋವನ್ನು ಡಿಸ್ಕ್ ಮಾಡಿ ಹಂಚಿದವನು ರಂಗಣ್ಣ. ಅಂದಮೇಲೆ ಹೇಳಬೇಕೇ, ಮೇಷ್ಟ್ರು ಮೈಕಿನ ಮುಂದೆ ನಿಂತು ಗಂಟಲು ಸರಿ ಮಾಡಿಕೊಳ್ಳುವಲ್ಲಿಗೆ ಡಿಸ್ಕ್ ಕಪ್ಪಾಗುತ್ತದೆ. ಮನೆಯಲ್ಲಿ ಅದನ್ನು ಹಾಕಿದ ದಿನ ಮೇಷ್ಟ್ರು ಟಿವಿಗೆ ಬೆನ್ನು ಹಾಕಿ ಅಮ್ಮನ ಮುಖವನ್ನೇ ನೋಡುತ್ತ ನಿಂತಿದ್ದರು. ಕೈಯಲ್ಲಿ ನೋಟ್‌ಬುಕ್ ಇರಲಿಲ್ಲ.

"ಇದೂ ಮುಗಿದಂಗಿಲ್ವೇ" ಎಂದರು ಅಮ್ಮ.

ಮೇಷ್ಟ್ರು ತಿರುಗಿ ಕಪ್ಪು ಪರದೆಯನ್ನು ನೋಡಿದರು. ಏನೋ ಹೇಳಲು ಬಾಯಿ ತೆರೆದರು. "ರಂಗಣ್ಣನ್ನ ಕೇಳಬೇಕು" ಎಂದು ಒಳಗೆ ಹೋದರು. ಅವರು ಕೇಳಲಿಲ್ಲ. ಮೂರು ವರ್ಷ ಹಾಗೇ ಕಳೆಯಿತು. ಅಷ್ಟರಲ್ಲಿ ನಾನು ಊರಿಗೆ ಮರಳಿದ್ದೆ. ಒಂದು ಬೆಳಿಗ್ಗೆ, ಮೇಷ್ಟ್ರು ಜಗಲಿಯಲ್ಲಿ ಪತ್ರಿಕೆ ಓದುತ್ತಿದ್ದ ಹಾಗೇ ತೀರಿಕೊಂಡರೆಂದು ಸುದ್ದಿ ಬಂತು.

ಹದಿಮೂರನೇ ದಿನಕ್ಕೆ ಹೋಗಿದ್ದೆ. ಊಟವಾಗಿ ನೆಂಟರೆಲ್ಲ ಹೊರಟ ಮೇಲೆ ರಂಗಣ್ಣ ಬಂದ. ಡಿಸ್ಕಿನ ಕಾಲ ಮುಗಿದು ಅವನ ಅಂಗಡಿ ಈಗ ಮೊಬೈಲ್ ರೀಚಾರ್ಜ್ ಅಂಗಡಿಯಾಗಿತ್ತು. ಅಂಗಡಿ ಖಾಲಿ ಮಾಡುವಾಗ ಸಿಕ್ಕಿತೆಂದು ಕೊನೆಗಳ ಡಿಸ್ಕನ್ನು ತಂದಿದ್ದ. "ಸಾರ್‌ದೂ ಒಂದು ತುಂಡು ಇದರಾಗೆ ಐತುಂಗ" ಎಂದ. ಧೂಳು ಒರೆಸಿ ಹಾಕಿದೆವು. ಮದುವೆ, ನೀರಿಗೆ ಬಿದ್ದ ಖಳನಾಯಕ, ತಬ್ಬಿಕೊಂಡ ಅಣ್ಣತಮ್ಮಂದಿರು, ಹೋಳಿಗೆ. ಆಮೇಲೆ ಕಲ್ಯಾಣ ಮಂಟಪದ ಖಾಲಿ ಕುರ್ಚಿಗಳು, ಅವುಗಳ ಎದುರು ನಮ್ಮ ಮೇಷ್ಟ್ರು, ಹಿಮಕರಡಿಯ ಜೊತೆ.

ಪ್ರಿನ್ಸಿಪಾಲರಿಂದ ಹಿಡಿದು ಗೇಟಿನ ಕಾವಲುಗಾರನ ತನಕ ಎಲ್ಲರಿಗೂ ತಮಿಳಿನಲ್ಲಿ ವಂದನೆ ಹೇಳಿ ಮೈಕು ಬಿಟ್ಟು ನಡೆದರು. ಎರಡು ಹೆಜ್ಜೆ ಹೋದವರು ತಿರುಗಿ ಬಂದರು. ಮೈಕನ್ನು ಬೆರಳಿನಿಂದ ತಟ್ಟಿದರು. ಆಮೇಲೆ ಕನ್ನಡದಲ್ಲಿ ಹೇಳಿದರು.

"ಇನ್ನೊಂದು ಬಾಕಿ ಇದೆ. ಆ ಪಡ ಮುಗೀಲಿಲ್ಲ ಅಂತ ನಮ್ಮ ಮನೆಯವರು ಮೊದಲ್ನೇ ದಿನಾನೇ ಹೇಳಿದ್ರು. ಅವರು ಹೇಳಿದ್ದು ಸರಿ. ನಾನು ಓದಿದ್ದು ಜಾಸ್ತಿ ಆಗಿತ್ತು, ಅದಕ್ಕೇ ಕಾಣಲಿಲ್ಲ."

ಎರಡನೇ ಸಾಲಿನ ಕಡೆ ಕೈ ಅಡ್ಡ ಹಿಡಿದು ನೋಡಿದರು. "ಎಲ್ಲಿ ಹೋದ್ರು?"

ಕ್ಯಾಮೆರಾದ ಹಿಂದಿನಿಂದ ಒಂದು ದನಿ, ಅಮ್ಮ ಪಾಯಸ ನೋಡಲು ಹೋದರು ಎಂದು ತಮಿಳಿನಲ್ಲಿ ಹೇಳಿತು.

"ಸರಿ. ಡಿಸ್ಕ್‌ನಲ್ಲಿ ನೋಡ್ಕೋತಾರೆ ಬಿಡು" ಎಂದು ಮೇಷ್ಟ್ರು ವೇದಿಕೆ ಇಳಿದರು.

ಟಿವಿ ನೀಲಿಯಾಯಿತು. ರಂಗಣ್ಣ ತಲೆ ತಗ್ಗಿಸಿ ನಿಂತಿದ್ದ. ನಾನು ಮೇಷ್ಟ್ರ ಹಾಗೆಯೇ ಪರದೆಯನ್ನು ಬಿಟ್ಟು ಅಮ್ಮನ ಮುಖ ನೋಡಿದೆ. ಅವರು ಸೆರಗಿನಿಂದ ಕಣ್ಣು ಒರೆಸಿಕೊಂಡು, ಇನ್ನೊಂದು ಸಲ ಹಾಕು ಎಂದು ಕೈಸನ್ನೆ ಮಾಡಿದರು.

"ಪಾಯಸ ಅಷ್ಟೊತ್ತಿಗೇ ತಳ ಹಿಡಿದಿತ್ತು ಕಣ್ಣು" ಎಂದರು. "ಸುಮ್ನೆ ಹೋದೆ ನಾನು."